ಪತ್ರಿಕೆಯಲ್ಲ, ಪತ್ರ

ಊರಿನ ಹೆಸರು ದಿಬ್ಬಾ.
ಅರಬಿಯಲ್ಲಿ ಅದಕ್ಕೇನರ್ಥವೋ, ಇವತ್ತಿಗೂ ಕೇಳಿಲ್ಲ;
ನಮಗೆ ಹೆಸರಿಗೆ ತಕ್ಕ ಊರು:
ಮೂರು ಕಡೆ ಹುಲ್ಲಿಲ್ಲದ ದಿಬ್ಬ, ಒಂದು ಕಡೆ ಕಡಲು,
ನಡುವೆ ಹಗಲಿಡೀ ಕಲ್ಲು ಅಗಿಯುವ ಕ್ರಷರು.

ಎಂಬತ್ತನಾಲ್ಕರಲ್ಲಿ, ಕ್ರಷರಿನ ಲೆಕ್ಕ ಬರೆಯುತ್ತಿದ್ದ ಲೋಕಯ್ಯ ಕರ್ಕೇರ
ವಾರಪತ್ರಿಕೆ ಹೊರಡಿಸಿದ.
ಹೆಸರು, ಶುಕ್ರವಾರ.
ಪರವಾನಗಿ? ನಗಬೇಡಿ.
"ಯಾರಾದರೂ ಕೇಳಿದರೆ ಪತ್ರಿಕೆ ಅನ್ನಬೇಡ, ಪತ್ರ ಅನ್ನು.
ಅರವತ್ತಮೂರು ಜನಕ್ಕೆ ಒಂದೇ ಪತ್ರ ಬರೆದರೆ ತಪ್ಪಾ?"

ವಡಗರದ ಕುಂಞಿಮೊಯ್ದುವಿನ ಟೈಪಿಂಗ್ ಸೆಂಟರು.
ಬುಧವಾರ ರಾತ್ರಿ ಶಟರು ಅರ್ಧ ಇಳಿಸಿ
ಸೈಕ್ಲೋಸ್ಟೈಲ್ ಮೆಷೀನಿನ ಹಿಡಿ ತಿರುಗಿಸುವವನು ನಾನು,
ಹಗಲು ಲಾಂಡ್ರಿಯ ಹುಡುಗ.
ಗುರುವಾರ ಸಂಜೆ
ಇಸ್ತ್ರಿಯಾದ ಅಂಗಿಯ ಮಡಿಕೆಯೊಳಗೆ ಒಂದೊಂದು ಹಾಳೆ.
ಮಸಿ ಒಣಗದ ವಾರ
ಯಾರದೋ ಬಿಳಿ ಬೆನ್ನಿನ ಮೇಲೆ ತಿರುಗಾಮುರುಗಾ ಕನ್ನಡ,
ನನಗೆ ಬೈಗುಳ, ಸಂಬಳದಲ್ಲಿ ಐದು ದಿರ್ಹಮ್ ಕಡಿತ.

ಕನ್ನಡದ ಟೈಪ್‌ರೈಟರು ಎಲ್ಲಿಂದ ತರುವುದು!
ಮೇಣದ ಹಾಳೆಯ ಮೇಲೆ ಕಬ್ಬಿಣದ ಮೊನೆಯಲ್ಲಿ ಕೈಯಾರೆ ಕೊರೆಯಬೇಕು.
ಜೂನ್ ಸೆಕೆಗೆ ಮೇಣ ಬೆವರುತ್ತಿತ್ತು,
ಒತ್ತಕ್ಷರ ಬಂದಲ್ಲೆಲ್ಲ ಹರಿಯುತ್ತಿತ್ತು.
ಲೋಕಯ್ಯ ಒತ್ತಿಲ್ಲದ ಮಾತು ಹುಡುಕಲು ಕಲಿತ.
'ಸ್ವರ್ಗಸ್ಥರಾದರು' ಅಂದರೆ ಹಾಳೆ ತೂತು;
'ಹೋದರು' ಸಾಕು.
ರಜೆಗೆ ಊರಿಗೆ ಹೊರಟವರಿಗೂ ಅದೇ, ಹೋದರು.
ಪುಟದ ಮೇಲಿದ್ದರೆ ಆ ಹೋಗುವುದು, ಕೆಳಗಿದ್ದರೆ ಈ ಹೋಗುವುದು.

ಮೇಲೆ ಇನ್ನೂ ಏನೇನೋ: ಡ್ರಾಫ್ಟಿನ ದರ,
ಯಾರ ಸೂಟ್‌ಕೇಸಿನಲ್ಲಿ ಎಷ್ಟು ಕಿಲೋ ಜಾಗ,
ಕ್ಷೌರದ ಶೇಸಪ್ಪ ತಂದ, ಅರ್ಧಕ್ಕರ್ಧ ನಂಬಬಹುದಾದ ಸುದ್ದಿ.
ಕೆಳಗೆ ಒಂದೇ ನಿಯಮ, ಎಲ್ಲೂ ಬರೆದಿಡದ್ದು:
ಮೊದಲು ಅವನ ಕಿವಿಗೆ, ಆಮೇಲೆ ಹಾಳೆಗೆ.

ಎಂಬತ್ತೇಳರ ಮಾರ್ಚಿನಲ್ಲಿ
ಸೈಮನ್ ಕ್ರಾಸ್ತಾನ ಹೆಸರಿಗೆ ತಂತಿ ಬಂತು.
ಬುಧವಾರ ಬರುವ ಟಗ್ಗಿನಲ್ಲಿ ಅವನೂ ಬರುತ್ತಾನೆಂದು ಕೊರೆದಾಗಿತ್ತು.
ಟಗ್ಗು ಬರಲಿಲ್ಲ. ಶನಿವಾರ ಅಂದರು.
ಲೋಕಯ್ಯ ಕೆಂಪು ದ್ರಾವಣ ಬಳಿದು ನಾಲ್ಕು ಸಾಲು ಮುಚ್ಚಿದ.
ಪುಟದ ಕೆಳಗೆ ನಾಲ್ಕು ಬೆರಳಿನಷ್ಟು
ಬರೀ ಬಿಳಿ.

ಆ ಬಿಳಿಯಲ್ಲಿ ಅರವತ್ತೆರಡು ಜನ
ಅರವತ್ತೆರಡು ಹೆಸರು ಓದಿದರು.
ಶೇಸಪ್ಪ ಗಿರಾಕಿಯ ಅರ್ಧ ಗಲ್ಲಕ್ಕೆ ನೊರೆ ಬಿಟ್ಟು ಓಡಿದ.
ಟೆಲಿಫೋನ್ ಬೂತಿನ ಸಾಲು ಮೀನು ಮಾರ್ಕೆಟಿನ ತನಕ.
"ನಮ್ಮಮ್ಮನಾ? ಹೇಳೋ!" ಕಾಲರು ಹಿಡಿದು ಕೇಳಿದರು.
ಅಲ್ಲ, ಅಲ್ಲ, ಅಲ್ಲ ಎಂದು ಎಲ್ಲರಿಗೂ ತಲೆ ಆಡಿಸಿದೆ,
ಕೊನೆಕೊನೆಗೆ ಅದು ಸುಳ್ಳಿನ ಹಾಗೇ ಕಾಣಿಸಿತು.
ಸೈಮನ್ನನ ಅಂಗಿಯೊಳಗೆ ಹಾಳೆ ಇಡಲಿಲ್ಲ.
ಶನಿವಾರ ಲೋಕಯ್ಯನೇ ಜೆಟ್ಟಿಗೆ ಹೋದ.
ಮಗಳು. ಆರು ವರ್ಷ. ಜೆಸಿಂತಾ.
ಒತ್ತಿಲ್ಲದ ಹೆಸರು.

ತೊಂಬತ್ತಾರರಲ್ಲಿ, ಕಾಗದ ಸರಿಯಿಲ್ಲದವರು
ದಂಡವಿಲ್ಲದೆ ಹೊರಡಬಹುದು ಅಂದರು.
ಎಷ್ಟು ಓದುಗರಿಗೆ ಕಾಗದವಿಲ್ಲ ಎಂದು ಆಗಲೇ ಗೊತ್ತಾದದ್ದು.
ಕೊನೆಯ ಸಂಚಿಕೆ ಎರಡೂ ಬದಿ ಹೆಸರು, ತುದಿಯಲ್ಲಿ 'ಹೋದರು'.
ಕಟ್ಟಕಡೆಯದು ಲೋಕಯ್ಯ. ಅದೊಂದನ್ನು ನನ್ನ ಕೈಲಿ ಬರೆಸಿದ.
'ಯ್ಯ' ಬಂದಲ್ಲಿ ಮೇಣ ಹರಿಯಿತು.

ಈಗ ಶುಕ್ರವಾರವೂ ಅರ್ಧ ದಿನ ಕೆಲಸ.
ಮೊನ್ನೆ ಲಾಂಡ್ರಿಯ ಡ್ರಾಯರಿನ ತಳಕ್ಕೆ ಹಾಸಿದ್ದ ಹಾಳೆ ಎತ್ತಿದೆ.
ಹುಳ ಬಿಟ್ಟದ್ದಿಷ್ಟು:
'ನಾಲ್ಕು ಕಿಲೋ ಜಾಗ ಇದೆ.
ಬೇಕಾದವರು ಸೋಮವಾರದೊಳಗೆ ತಿಳಿಸಿ.'
ಹೆಸರಿದ್ದಲ್ಲಿ ಮಡಿಕೆ.